ಪೋಸ್ಟು ತಿಂದವರು ಟೆಂಪರರಿಗಳಲ್ಲ

ಹಾಸ್ಟೆಲಿನ ಗೆಳೆಯರೆ,

ಅರ್ಜಿ ಹಾಕಿ ಕಾಯುತ್ತಾ ಕೂತ ನಮ್ಮ ಹುಡುಗರಲ್ಲಿ ಒಂದು ಮಾತು ಓಡಾಡುತ್ತಿದೆ. "ಟೆಂಪರರಿಗಳನ್ನೆಲ್ಲ ಪರ್ಮನೆಂಟ್ ಮಾಡಿಬಿಟ್ರೆ ನಾವು ಓದಿ ಏನು ಮಾಡೋದು? ನಮ್ಮ ಪೋಸ್ಟು ಅವರು ತಿಂದ್ರು." ಈ ಮಾತನ್ನು ಸುಮ್ಮನೆ ತಳ್ಳಿಹಾಕುವಂತಿಲ್ಲ. ಶಿಫಾರಸು ಹಿಡಿದು ಹಿಂಬಾಗಿಲಿಂದ ನುಗ್ಗಿದವರಿಂದ ಮೀಸಲಾತಿಗೆ ಪೆಟ್ಟು ಬಿದ್ದದ್ದುಂಟು. ಆದರೆ ಪೋಸ್ಟು ತಿಂದವರು ಯಾರು ಅಂತ ಸರಿಯಾಗಿ ನೋಡೋಣ.

ನಿಮಗೆ ದಿನಾ ಮುದ್ದೆ ಬಡಿಸುವ ಅಡುಗೆಯವರನ್ನೇ ತಗೊಳ್ಳಿ. ಹಾಸ್ಟೆಲು ಇರುವತನಕ ಅಡುಗೆ ಆಗಲೇಬೇಕು. ಊರು ಇರುವತನಕ ಕಸ ಗುಡಿಸಲೇಬೇಕು. ಕೆಲಸ ಕಾಯಂ, ಮಾಡುವವರು ಮಾತ್ರ ಟೆಂಪರರಿ! ದಿನಗೂಲಿ, ಗುತ್ತಿಗೆ, ಹೊರಗುತ್ತಿಗೆ ಅಂತ ಹೆಸರು ಬದಲಾಗುತ್ತೆ, ಹೊಟ್ಟೆಪಾಡು ಬದಲಾಗಲ್ಲ. ಸಂಬಳ ಯಾಕೆ ತಡ ಅಂತ ಕೇಳಿದರೆ "ನಾಳೆಯಿಂದ ಬರಬೇಡ" ಅನ್ನುವ ಉತ್ತರ. ಪೊರಕೆ ಹಿಡಿದ ಕೈಗಳು ಯಾವ ಕೇರಿಯವು ಅಂತ ನಿಮಗೆ ಹೇಳಬೇಕಾಗಿಲ್ಲ.

ಕಾನೂನು ಏನನ್ನುತ್ತೆ? 2006ರ ಏಪ್ರಿಲ್ 10ರಂದು ಸುಪ್ರೀಂ ಕೋರ್ಟು ಕರ್ನಾಟಕ ಸರ್ಕಾರದ್ದೇ ಕೇಸಿನಲ್ಲಿ ಒಂದು ತೀರ್ಪು ಕೊಟ್ಟಿತು. ಉಮಾದೇವಿ ಪ್ರಕರಣ ಅಂತಲೇ ಅದು ಪ್ರಸಿದ್ಧ. ನಿಯಮದಂತೆ ನೇಮಕವಾಗದವರು ಬಹಳ ವರ್ಷ ದುಡಿದೆವು ಎಂಬ ಒಂದೇ ಕಾರಣಕ್ಕೆ ಕಾಯಮಾತಿಯನ್ನು ಹಕ್ಕಾಗಿ ಕೇಳುವಂತಿಲ್ಲ ಎಂದಿತು. ಅಧಿಕಾರಿಗಳು ಇದನ್ನು ಬಾಯಿಪಾಠ ಮಾಡಿಕೊಂಡರು. ಅದೇ ತೀರ್ಪಿನ ಇನ್ನೊಂದು ಭಾಗವನ್ನು ಮಡಚಿಟ್ಟರು. ಮಂಜೂರಾದ ಖಾಲಿ ಹುದ್ದೆಯಲ್ಲಿ, ಅರ್ಹತೆ ಇದ್ದು, ಕೋರ್ಟಿನ ಆದೇಶದ ಆಸರೆ ಇಲ್ಲದೆ 10 ವರ್ಷ ದುಡಿದವರನ್ನು ಒಂದು ಸಾರಿ ಸಕ್ರಮ ಮಾಡಿ. ಟೆಂಪರರಿಗಳಿಂದ ನಡೆಸುತ್ತಿರುವ ಉಳಿದ ಹುದ್ದೆಗಳಿಗೆ ನಿಯಮದಂತೆ ನೇಮಕಾತಿ ಮಾಡಿ. ಎರಡನ್ನೂ 6 ತಿಂಗಳಲ್ಲಿ ಶುರುಮಾಡಿ ಎಂದಿತ್ತು ಕೋರ್ಟು.

ಗೆಳೆಯರೆ, ಇಲ್ಲಿ ಗಮನಿಸಿ. ಅಡುಗೆಯವರ ಪಾಲೂ ನಿಮ್ಮ ಪಾಲೂ ಒಂದೇ ಪ್ಯಾರಾದಲ್ಲಿದೆ. ಇಬ್ಬರಿಗೂ ಕೊಡದೆ ಹುದ್ದೆಯನ್ನು ಖಾಲಿ ಇಟ್ಟು, ಅದರ ಕೆಲಸವನ್ನು ಅಗ್ಗದ ಕೂಲಿಗೆ ಮಾಡಿಸಿಕೊಂಡದ್ದು ಸರ್ಕಾರ. ಪೋಸ್ಟು ತಿಂದವರು ಇವರು!

2016ರಲ್ಲಿ ಸುಪ್ರೀಂ ಕೋರ್ಟು ಕಾಯಂ ನೌಕರರಷ್ಟೇ ಕೆಲಸ ಮಾಡುವ ಟೆಂಪರರಿಗೂ ಸಮಾನ ವೇತನ ಕೊಡಬೇಕೆಂದಿತು. 2024ರ ಡಿಸೆಂಬರಿನಲ್ಲಿ, ಕೇಂದ್ರ ಜಲ ಆಯೋಗದಲ್ಲಿ ಕಸ ಗುಡಿಸುತ್ತಿದ್ದವರ ಕೇಸಿನಲ್ಲಿ, 2006ರ ತೀರ್ಪನ್ನು ವರ್ಷಾನುಗಟ್ಟಲೆ ದುಡಿದವರ ಮೇಲೆ ಆಯುಧ ಮಾಡಿಕೊಳ್ಳಬಾರದೆಂದು ಹೇಳಿ ಅವರನ್ನು ಕಾಯಂ ಮಾಡಿಸಿತು.

ಆದರೆ ತೀರ್ಪು ತಾನಾಗಿ ನಡೆದು ಬರಲ್ಲ. 2022ರ ಜುಲೈನಲ್ಲಿ ಪೌರಕಾರ್ಮಿಕರು ಪೊರಕೆ ಕೆಳಗಿಟ್ಟು ಬೀದಿಯಲ್ಲಿ ಕೂತ ಮೇಲೆಯೇ ಸರ್ಕಾರ ಕಾಯಮಾತಿಗೆ ಒಪ್ಪಿದ್ದು. 2025ರ ಮೇ 1ರಂದು ಬೆಂಗಳೂರಿನಲ್ಲಿ 12,000ಕ್ಕೂ ಹೆಚ್ಚು ಜನರಿಗೆ ನೇಮಕಾತಿ ಪತ್ರ ಸಿಕ್ಕಿತು.

ಓದು ಬಲ್ಲ ನಾವೇನು ಮಾಡೋಣ? 10 ರೂಪಾಯಿ ಕಟ್ಟಿ ಮಾಹಿತಿ ಹಕ್ಕಿನಲ್ಲಿ ಅರ್ಜಿ ಹಾಕಿ. ನಿಮ್ಮ ಜಿಲ್ಲೆಯ ಹಾಸ್ಟೆಲುಗಳಲ್ಲಿ ಮಂಜೂರಾದ ಹುದ್ದೆ ಎಷ್ಟು, ಖಾಲಿ ಎಷ್ಟು, ಹೊರಗುತ್ತಿಗೆ ಎಷ್ಟು, ರೋಸ್ಟರ್ ಪಾಲಿಸಿದ್ದಾರಾ ಕೇಳಿ. ಅಡುಗೆಯವರ ಹಾಜರಿ, ಪಾಸ್‌ಬುಕ್ಕು, ಆದೇಶಗಳ ನಕಲನ್ನು ಜೋಪಾನ ಮಾಡಿಸಿ. ನಾಳೆ ಕೋರ್ಟಿನಲ್ಲಿ ಮಾತಾಡುವುದು ಕಾಗದ.

ದುಡಿದವರನ್ನು ಕಾಯಂ ಮಾಡಿ! ಖಾಲಿ ಹುದ್ದೆ ಮೀಸಲಾತಿಯೊಂದಿಗೆ ತುಂಬಿ! ಈ ಎರಡು ಕೂಗನ್ನು ಒಂದೇ ಗಂಟಲಲ್ಲಿ ಕೂಗೋಣ.