ಮಗು ಮಾತಾಡದಿದ್ದರೆ ಕನ್ನಡ ಬಿಡಿಸಬೇಡಿ, ಕಿವಿ ತೋರಿಸಿ

ಪುಣೆಯ ಕೋಥರೂಡಿನ ಕನ್ನಡ ಮನೆಗಳ ತಂದೆ-ತಾಯಿ, ಅಜ್ಜ-ಅಜ್ಜಿಯರಲ್ಲಿ ಕಳಕಳಿಯ ವಿನಂತಿ

ಡಹಾಣೂಕರ ಕಾಲನಿಯಿಂದ ವನಾಝ್‌ವರೆಗೆ ನಮ್ಮವರ ಎಷ್ಟೋ ಮನೆಗಳಲ್ಲಿ ಇದೇ ಚಿಂತೆ. ಮಗುವಿಗೆ ಎರಡು ತುಂಬಿತು, ಮಾತು ಬಂದಿಲ್ಲ. ಅಜ್ಜಿಯದು ಧಾರವಾಡದ ಕನ್ನಡ, ನೋಡಿಕೊಳ್ಳುವ ಮಾವಶಿಯದು ಮರಾಠಿ, ಪಕ್ಕದ ಮನೆಯವರದು ಹಿಂದಿ, ಪ್ಲೇ ಗ್ರೂಪಿನಲ್ಲಿ ಇಂಗ್ಲಿಷ್. “ಇಷ್ಟು ಭಾಷೆ ಒಟ್ಟಿಗೆ ಬಿದ್ದರೆ ಕೂಸು ಗಲಿಬಿಲಿಯಾಗದೆ ಇನ್ನೇನು? ಮನೆಯಲ್ಲಿ ಕನ್ನಡ ನಿಲ್ಲಿಸಿ, ಇಂಗ್ಲಿಷೊಂದೇ ಆಡಿ” ಎಂದು ಯಾರೋ ಹೇಳುತ್ತಾರೆ. ಹೀಗೆ ಹೇಳುವವರು ಒಮ್ಮೊಮ್ಮೆ ಶಿಕ್ಷಕಿ, ಒಮ್ಮೊಮ್ಮೆ ಡಾಕ್ಟರೇ. ಅಂದಿನಿಂದ ಅಜ್ಜಿ ಮೊಮ್ಮಗನೆದುರು ಬಾಯಿ ಬಿಡಲು ಹೆದರುತ್ತಾಳೆ.

ಈ ಸಲಹೆ ತಪ್ಪು. ಎರಡು-ಮೂರು ಭಾಷೆ ಕೇಳಿ ಬೆಳೆದದ್ದರಿಂದ ಯಾವ ಮಗುವಿನ ಮಾತೂ ನಿಲ್ಲುವುದಿಲ್ಲ. ಹಾಗೆ ಹೆದರಿಸುವ ರೂಢಿ ನೂರು ವರ್ಷ ಹಳೆಯದು. 1923ರಲ್ಲಿ ವೇಲ್ಸ್‌ನ ಡಿ. ಜೆ. ಸೇರ್ ಎಂಬವರು, ಹಳ್ಳಿಯ ದ್ವಿಭಾಷಿ ಮಕ್ಕಳು ಬುದ್ಧಿಪರೀಕ್ಷೆಯಲ್ಲಿ ಹಿಂದೆ ಬೀಳುತ್ತಾರೆಂದು ಬರೆದರು. ಆದರೆ 1962ರಲ್ಲಿ ಕೆನಡಾದ ಮಾಂಟ್ರಿಯಲ್‌ನಲ್ಲಿ ಎಲಿಜಬೆತ್ ಪೀಲ್ ಮತ್ತು ವಾಲೇಸ್ ಲ್ಯಾಂಬರ್ಟ್ ಒಂದೇ ಆರ್ಥಿಕ ಸ್ಥಿತಿಯ ಮನೆಗಳ ಮಕ್ಕಳನ್ನು ಹೋಲಿಸಿ ನೋಡಿದಾಗ ಎರಡು ಭಾಷೆಯವರೇ ಮುಂದಿದ್ದರು. ಅದಕ್ಕಿಂತ ನಮಗೆ ಹತ್ತಿರದ ಮಾತು ಇನ್ನೊಂದಿದೆ: ಭಾಷೆ ಕಲಿಯುವುದರಲ್ಲೇ ತೊಂದರೆಯಿರುವ ಮಕ್ಕಳನ್ನೂ 2003ರಲ್ಲಿ ಜೊಹಾನ್ ಪ್ಯಾರಡಿಸ್ ಮತ್ತು ಸಂಗಡಿಗರು ಪರೀಕ್ಷಿಸಿದರು. ಫ್ರೆಂಚ್-ಇಂಗ್ಲಿಷ್ ಎರಡೂ ಆಡುವ ಮಕ್ಕಳು ಅದೇ ತೊಂದರೆಯ ಏಕಭಾಷಿ ಮಕ್ಕಳಿಗಿಂತ ವ್ಯಾಕರಣದಲ್ಲಿ ಹಿಂದಿರಲಿಲ್ಲ. ಅಂದರೆ ತೊಂದರೆ ನಿಜವಾಗಿ ಇದ್ದರೂ ಒಂದು ಭಾಷೆ ಕಸಿದುಕೊಂಡರೆ ಅದು ವಾಸಿಯಾಗದು.

ಮೊದಲು ಎಣಿಸುವುದನ್ನು ಸರಿಮಾಡಿಕೊಳ್ಳೋಣ. ಮಗು ಆಡುವ ಪದಗಳನ್ನೆಲ್ಲ ಒಂದು ಹಾಳೆಯಲ್ಲಿ ಬರೆಯಿರಿ. ಅಮ್ಮ, ಅಜ್ಜಿ, ಹಾಲು, ಬಾ, ಬೇಡ ಇವು ಮನೆಯವು. ಚಿಮಣಿ, ಪಾಣಿ, ಗಾಡಿ ಮಾವಶಿ ಕಲಿಸಿದವು. ಬಾಲ್, ಬಾಯ್ ಪ್ಲೇ ಗ್ರೂಪಿನವು. ಇಂಗ್ಲಿಷ್ ಮಾತ್ರ ಕೇಳಿಸಿಕೊಂಡ ಶಿಕ್ಷಕಿಯ ಲೆಕ್ಕದಲ್ಲಿ ಈ ಮಗುವಿಗೆ ಎರಡೇ ಪದ, ಹಾಳೆಯಲ್ಲಿರುವುದು ಹತ್ತು. ಎರಡು ವರ್ಷಕ್ಕೆ ಸುಮಾರು ಐವತ್ತು ಪದ ಇರಬೇಕು ಎನ್ನುವಾಗ ಎಲ್ಲ ಭಾಷೆಗಳನ್ನೂ ಕೂಡಿಸಿಯೇ ಹೇಳುವುದು. “ಪಾಣಿ ಬೇಕು” ಎಂದರೆ ಅದೂ ಎರಡು ಪದದ ವಾಕ್ಯವೇ. ಭಾಷೆ ಬೆರೆತದ್ದನ್ನು ರೋಗವೆನ್ನಬೇಡಿ. ಮನೆಯಲ್ಲಿ ಅರಳು ಹುರಿದಂತೆ ಕನ್ನಡ ಆಡುವ ಮಗು ಹೊಸ ಶಾಲೆಯಲ್ಲಿ ಕೆಲವು ತಿಂಗಳು ಮೌನವಾಗಿದ್ದರೂ ಗಾಬರಿ ಬೇಡ.

ಆದರೆ ಯಾವ ಭಾಷೆಯಲ್ಲೂ ಮಾತು ಬಾರದಿದ್ದರೆ ಸುಮ್ಮನೆ ಕೂರಬೇಡಿ. ವರ್ಷ ತುಂಬಿದರೂ ಬೆರಳು ಚಾಚಿ ತೋರಿಸುವುದಿಲ್ಲ, ಟಾಟಾ ಮಾಡುವುದಿಲ್ಲ. ಹದಿನಾರು ತಿಂಗಳಾದರೂ ಒಂದು ಪದವಿಲ್ಲ. ಎರಡು ವರ್ಷಕ್ಕೂ ತಾನಾಗಿ ಎರಡು ಪದ ಜೋಡಿಸುವುದಿಲ್ಲ. ಅಥವಾ, ಯಾವ ವಯಸ್ಸಿನಲ್ಲೇ ಆಗಲಿ, ಬಂದ ಮಾತು ಹೋಯಿತು. ಇವುಗಳಲ್ಲಿ ಒಂದು ಕಂಡರೂ ಮಗುವನ್ನು ತೋರಿಸಿ. “ಇವರ ಅಪ್ಪನೂ ತಡವಾಗಿಯೇ ಮಾತಾಡಿದ್ದ”, “ಜವಳ ಆಗಲಿ, ಬರುತ್ತದೆ”, “ಬಜೆ ತೇಯ್ದು ನೆಕ್ಕಿಸಿ” ಎನ್ನುತ್ತ ಕಳೆಯುವ ಒಂದೊಂದು ತಿಂಗಳೂ ಮಗುವಿಗೆ ನಷ್ಟ. “ನಾಲ್ಕು ಭಾಷೆಯ ಮನೆ, ಅದಕ್ಕೇ ತಡ” ಎಂಬ ಸಮಾಧಾನವೂ ಇದೇ ಸಾಲಿನದು.

ಮೊದಲ ಪರೀಕ್ಷೆ ಕಿವಿಯದು. ಮಿಕ್ಸರ್ ಸದ್ದಿಗೆ ತಿರುಗಿ ನೋಡುತ್ತದೆ, ಚಪ್ಪಾಳೆಗೆ ಬೆಚ್ಚುತ್ತದೆ ಎಂದು ಬಿಟ್ಟುಬಿಡಬೇಡಿ. ದೊಡ್ಡ ಸದ್ದು ಕೇಳಿದರೂ ಸ, ಫ, ತ ದಂಥ ಮೆಲ್ಲನೆಯ ಧ್ವನಿ ಕೇಳದಿರಬಹುದು. ಪದೇ ಪದೇ ನೆಗಡಿಯಾಗುವ ಕೂಸಿಗೆ ಕಿವಿಯ ಪರದೆಯ ಹಿಂದೆ ನೀರು ನಿಂತು ವಾರಗಟ್ಟಲೆ ಮಾತು ಮಂಕಾಗಿ ಕೇಳುವುದೂ ಉಂಟು. ಓಎಇ ಎಂಬ ಕಿವಿಯ ಪರೀಕ್ಷೆ ಮಗು ಮಲಗಿದ್ದಾಗ ಕೆಲವೇ ನಿಮಿಷದ ಕೆಲಸ, ನೋವಿಲ್ಲ. ಬೇಕಾದರೆ ಮುಂದೆ, ಸದ್ದು ಕಿವಿಯಿಂದ ಮಿದುಳಿಗೆ ತಲುಪುವುದನ್ನು ನೋಡುವ ಬೇರಾ ಪರೀಕ್ಷೆ.

2013ರಲ್ಲಿ ಶುರುವಾದ ರಾಷ್ಟ್ರೀಯ ಬಾಲ ಸ್ವಾಸ್ಥ್ಯ ಕಾರ್ಯಕ್ರಮದ ತಂಡಗಳು ಅಂಗನವಾಡಿಗೂ ಸರಕಾರಿ ಶಾಲೆಗಳಿಗೂ ಬಂದು ಬೆಳವಣಿಗೆಯ ಕೊರತೆ ನೋಡುತ್ತವೆ. ನಮ್ಮ ಮಕ್ಕಳು ಖಾಸಗಿ ಪ್ಲೇ ಗ್ರೂಪಿನಲ್ಲಿದ್ದಾರೆ. ಅಲ್ಲಿಗೆ ಆ ತಂಡ ಬರುವುದಿಲ್ಲ, ನಾವೇ ಹೋಗಬೇಕು. ಪುಣೆಯಲ್ಲೇ ಭಾರತಿ ವಿದ್ಯಾಪೀಠದಲ್ಲಿ ವಾಕ್-ಶ್ರವಣ ವಿಭಾಗವಿದೆ. ಕನ್ನಡದಲ್ಲೇ ಭಾಷಾ ಪರೀಕ್ಷೆ ಬೇಕೆನ್ನುವವರಿಗೆ ಮೈಸೂರಿನ ಮಾನಸಗಂಗೋತ್ರಿಯ ಅಖಿಲ ಭಾರತ ವಾಕ್ ಶ್ರವಣ ಸಂಸ್ಥೆ ಇದೆ. ರಜೆಗೆ ಊರಿಗೆ ಹೋದಾಗ ಹೋಗಿಬರಬಹುದು. ಯಾವ ಥೆರಪಿಸ್ಟ್ ಬಳಿ ಹೋದರೂ ಭಾರತೀಯ ಪುನರ್ವಸತಿ ಪರಿಷತ್ತಿನ ನೋಂದಣಿ ಸಂಖ್ಯೆ ಕೇಳಿ. ಕೇಳುವುದು ನಮ್ಮ ಹಕ್ಕು.

ಥೆರಪಿಸ್ಟರಿಗೆ ಕನ್ನಡ ಬಾರದಿದ್ದರೆ ಅಜ್ಜಿಯನ್ನು ಜೊತೆಗೆ ಕರೆದೊಯ್ಯಿರಿ. ಪದಗಳ ಹಾಳೆ ಕೊಡಿ, ಮಗು ಮನೆಯಲ್ಲಿ ಆಡುವ ವಿಡಿಯೋ ತೋರಿಸಿ. ಅಲ್ಲಿ ಹೇಳಿಕೊಟ್ಟ ಅಭ್ಯಾಸವನ್ನು ಮನೆಯಲ್ಲಿ ಕನ್ನಡದಲ್ಲೇ ಮಾಡಿಸಿ. ಉಣಿಸುವಾಗ ಮೊಬೈಲ್ ಬೇಡ. ಎರಡು ವರ್ಷದೊಳಗಿನ ಮಕ್ಕಳಿಗೆ ಪರದೆ ಸಲ್ಲದೆಂದು ವಿಶ್ವ ಆರೋಗ್ಯ ಸಂಸ್ಥೆ 2019ರಲ್ಲೇ ಹೇಳಿದೆ. ರೈಮ್ಸ್ ಹಾಡುವ ಪರದೆ ಮಗುವಿನ ಉತ್ತರಕ್ಕೆ ಕಾಯುವುದಿಲ್ಲ, ತುತ್ತು ಹಿಡಿದ ಅಜ್ಜಿ ಕಾಯುತ್ತಾಳೆ.

ಈ ಕರಪತ್ರದ ಸಾರಾಂಶವನ್ನು ಮಾವಶಿಗೂ ಮರಾಠಿಯಲ್ಲಿ ಹೇಳಿ. ದಿನದ ಬಹುಪಾಲು ಮಗುವಿನೊಡನೆ ಇರುವವಳು ಅವಳು. ಅರೆಬರೆ ಹಿಂದಿ-ಇಂಗ್ಲಿಷ್ ಬೇಡ, ತನ್ನ ಮರಾಠಿಯಲ್ಲೇ ಧಾರಾಳವಾಗಿ ಮಾತಾಡಲಿ, ಹಾಡಲಿ, ಕತೆ ಹೇಳಲಿ.

— ಕೋಥರೂಡಿನ ಕನ್ನಡ ಪಾಲಕರು