ಟಾಕೀಸಿನ ಹೆಸರು ಗೊತ್ತು, ಆಕೆ ಗೊತ್ತಿಲ್ಲ!



ತಿಕೋಟಾ, ಬಬಲೇಶ್ವರ ಕಡೆಯಿಂದ ವಿಜಯಪುರಕ್ಕೆ ಸಿನಿಮಾ ನೋಡಲು ಹೋಗುತ್ತಿದ್ದ ಹಿರಿಯರಿಗೆ ‘ಅಮೀರ್ ಟಾಕೀಸು’ ಗೊತ್ತು. ಆದರೆ ಆ ಅಮೀರ್ ಯಾರು ಅಂತ ಕೇಳಿದರೆ ಬಹಳ ಮಂದಿ ಸುಮ್ಮನಾಗ್ತಾರ.

ಅವರೇ ನಟಿ, ಗಾಯಕಿ ಅಮೀರ್‌ಬಾಯಿ ಕರ್ನಾಟಕಿ. ಹುಟ್ಟಿದ್ದು ಆಗಿನ ವಿಜಾಪುರ ಜಿಲ್ಲೆಯ ಬೀಳಗಿಯಲ್ಲಿ. ಅಕ್ಕ ಗೋಹರಬಾಯಿಯೂ ನಟಿ. ಅಮೀರ್‌ಬಾಯಿ ಮುಂಬಯಿಗೆ ಹೋಗಿ 1934ರಲ್ಲಿ ‘ವಿಷ್ಣುಭಕ್ತಿ’ ಚಿತ್ರದಲ್ಲಿ ಪಾತ್ರ ಮಾಡಿದರು. 1943ರ ‘ಕಿಸ್ಮತ್’ ಚಿತ್ರ ಕಲ್ಕತ್ತೆಯ ಒಂದೇ ಟಾಕೀಸಿನಲ್ಲಿ 3 ವರ್ಷಕ್ಕೂ ಹೆಚ್ಚು ಓಡಿತು. ಅದರಲ್ಲಿ ಪರದೆಯ ಮೇಲಿನ ಮುಖ ಮುಮ್ತಾಜ್ ಶಾಂತಿಯದು, ಹಾಡಿದ ದನಿ ನಮ್ಮ ಅಮೀರ್‌ಬಾಯಿಯದು. ಮುಂದೆ ಹೊಸ ಗಾಯಕಿಯರು ಬಂದರು, ಇವರಿಗೆ ಹಾಡು ಕಡಿಮೆಯಾದವು. ಆಗಲೂ ಕೈಕಟ್ಟಿ ಕೂಡಲಿಲ್ಲ, ಪೋಷಕ ಪಾತ್ರಗಳನ್ನು ಮಾಡಿದರು. 1965ರಲ್ಲಿ ತೀರಿಕೊಂಡರು. ಕೊನೆತನಕ ‘ಕರ್ನಾಟಕಿ’ ಎಂಬ ಹೆಸರು ಬಿಡಲಿಲ್ಲ.

ಈಗ ನನ್ನ ಮಾತು. ಗ್ಯಾದರಿಂಗ್ ನಾಟಕಕ್ಕೆ ಹುಡುಗಿಯರು ಹೆಸರು ಕೊಟ್ಟರೆ ಇಂದಿಗೂ ಮನೆಯಲ್ಲಿ ‘ನಿನಗ್ಯಾಕ ಬೇಕವ್ವಾ ಇದು?’ ಅಂತಾರ. ಸಣ್ಣ ಪಾತ್ರ ಸಿಕ್ಕರೆ ನಾವೇ ಮುಖ ಊದಿಸಿಕೊಳ್ತೀವಿ. ಸುಮಾರು 90 ವರ್ಷದ ಹಿಂದೆ ನಮ್ಮ ಸೀಮೆಯ ಹೆಣ್ಣುಮಗಳು ಮಾಡಿದ್ದು ನಮಗ್ಯಾಕೆ ಆಗಬಾರದು? ಈ ಸಲ ಗುರುಗಳು ಹುಡುಗಿಯರಿಗೂ ಪಾತ್ರ ಕೊಡಲಿ. ಮನೆಯವರಿಗೆ ಒಂದು ಮಾತು ಹೇಳಲಿ.

ಇದು ನನ್ನ ಅನಿಸಿಕೆ. ನೀವೇನಂತೀರಿ?

– 9ನೇ ತರಗತಿಯ ವಿದ್ಯಾರ್ಥಿನಿ