ಸಾಕ್ಷಿ ಮುರಿದರೆ ಅಪೀಲು ಕಟ್ಟಲಾರದು



ಕೊಲೆಯಾದರೆ ಹೆಣವಿರುತ್ತದೆ, ಕಳವಾದರೆ ಮಾಲು ಸಿಕ್ಕೀತು. ಜಾತಿ ಎತ್ತಿ ಬೈದರೆ ಏನು ಉಳಿಯುತ್ತದೆ? ಕೇಳಿದವರ ಕಿವಿ, ಹೇಳುವವರ ನಾಲಿಗೆ, ಇಷ್ಟೇ. 1989ರ ದೌರ್ಜನ್ಯ ತಡೆ ಕಾಯಿದೆಯ ಪ್ರಕಾರ ಇಂಥ ನಿಂದೆ ಸಾರ್ವಜನಿಕರ ಕಣ್ಣೆದುರಿನ ಜಾಗದಲ್ಲಿ ನಡೆದಿರಬೇಕು. ನಾಲ್ಕು ಗೋಡೆಗಳೊಳಗೆ, ಹೊರಗಿನವರಾರೂ ಇಲ್ಲದಾಗ ಆಡಿದ ಮಾತಿಗೆ ಈ ಕಲಮು ಹತ್ತುವುದಿಲ್ಲವೆಂದು ಸುಪ್ರೀಂ ಕೋರ್ಟು 2020ರಲ್ಲಿ ಹೇಳಿದೆ. ಆದುದರಿಂದ ಈ ಖಟ್ಲೆಗಳ ಜೀವವೆಲ್ಲ ಸಾಕ್ಷಿದಾರನಲ್ಲಿದೆ.

ಆ ಸಾಕ್ಷಿದಾರನಾದರೂ ಯಾರು? ಚಹದಂಗಡಿಯ ಮುಂದೆ ಕುಳಿತಿದ್ದವನು, ನೀರಿಗೆ ಬಂದು ನಿಂತಿದ್ದವಳು, ಬೈದವನ ಹೊಲದಲ್ಲಿಯೇ ಕೂಲಿ ಮಾಡುವವನು. ಫಿರ್ಯಾದಿಯ ದಿನ ಕಂಡದ್ದನ್ನು ಕಂಡಂತೆ ಹೇಳುತ್ತಾನೆ. ವರ್ಷಗಳು ಕಳೆದ ಮೇಲೆ ಕಟಕಟೆಯಲ್ಲಿ ನಿಲ್ಲುವ ಹೊತ್ತಿಗೆ ಅವನ ಸಾಲದ ಪತ್ರ, ಹೊಲಕ್ಕೆ ಹೋಗುವ ದಾರಿ, ನಾಳಿನ ಕೂಲಿ ಎಲ್ಲವೂ ಎದುರು ಪಕ್ಷದವರ ಕೈಯಲ್ಲಿರುತ್ತವೆ. ‘ನಾನು ಅಲ್ಲಿರಲಿಲ್ಲ ಸ್ವಾಮಿ’ ಎಂದು ಕೈ ಮುಗಿಯುತ್ತಾನೆ. ತಿರುಗದೆ ನಿಂತವನೂ ಪಾಟೀಸವಾಲಿನಲ್ಲಿ ತಡವರಿಸುತ್ತಾನೆ: ಮೊದಲು ಆಡಿದ ಶಬ್ದ ಯಾವುದು, ಎಷ್ಟು ಮಾರು ದೂರದಲ್ಲಿದ್ದೆ, ಪೋಲೀಸರ ಮುಂದೆ ಇದನ್ನೇಕೆ ಹೇಳಲಿಲ್ಲ?

ಅಪೀಲಿನಲ್ಲಿ ಇದರ ಫಲ ಕಾಣುತ್ತದೆ. ಹೈಕೋರ್ಟು ಸಾಕ್ಷಿಯ ಮುಖವನ್ನು ನೋಡುವುದಿಲ್ಲ. ಅವನ ಮಾತಿನ ಕಾಗದವನ್ನು ನೋಡುತ್ತದೆ. ಕಾಗದದ ಮೇಲೆ ಅಂಜಿಕೆಯೂ ಸುಳ್ಳೂ ಒಂದೇ ತೆರನಾಗಿ ಕಾಣುತ್ತವೆ. ಶಿಕ್ಷೆಯಾದವನು ಅಪೀಲು ಮಾಡಿದರೆ ಪ್ರತಿಯೊಂದು ವ್ಯತ್ಯಾಸವೂ ಸಂಶಯವಾಗಿ ಅವನಿಗೆ ನೆರವಾಗುತ್ತದೆ. ಬಿಡುಗಡೆಯ ಮೇಲೆ ಸರಕಾರ ಅಪೀಲು ಮಾಡಿದರೆ ಕೆಲಸ ಇನ್ನೂ ಕಠಿಣ. ಬಿಡುಗಡೆಯಾದವನ ನಿರ್ದೋಷಿತ್ವಕ್ಕೆ ಇಮ್ಮಡಿ ಬಲವಿದೆ, ಎರಡು ಅಭಿಪ್ರಾಯಗಳಿಗೆ ಎಡೆಯಿದ್ದರೆ ಬಿಡುಗಡೆಯನ್ನು ಕದಲಿಸಬಾರದು ಎಂದು ಕರ್ನಾಟಕದಿಂದ ಹೋದ ಒಂದು ಖಟ್ಲೆಯಲ್ಲಿಯೇ ಸುಪ್ರೀಂ ಕೋರ್ಟು 2007ರಲ್ಲಿ ವಿವರಿಸಿದೆ. ಕೆಳಗೆ ಮುರಿದದ್ದನ್ನು ಮೇಲೆ ಕಟ್ಟುವುದು ಬಹುಮಟ್ಟಿಗೆ ಆಗದ ಮಾತು.

ಬೈಗುಳದ ಖಟ್ಲೆಗಷ್ಟೇ ಈ ಗತಿ ಎನ್ನಬೇಡಿ. ಚಿಂತಾಮಣಿ ತಾಲ್ಲೂಕಿನ ಕಂಬಾಲಪಲ್ಲಿಯಲ್ಲಿ 2000ದ ಮಾರ್ಚಿಯಲ್ಲಿ 7 ಜನ ದಲಿತರನ್ನು ಸುಟ್ಟು ಕೊಂದರು. ಸಾಕ್ಷಿದಾರರು ತಿರುಗಿ ನಿಂತರು. 2006ರಲ್ಲಿ ಆರೋಪಿಗಳಿಗೆ ಬಿಡುಗಡೆಯಾಯಿತು. 2014ರಲ್ಲಿ ಹೈಕೋರ್ಟು ಅದನ್ನೇ ಎತ್ತಿಹಿಡಿಯಿತು. ಆಂಧ್ರದ ಚುಂಡೂರಿನಲ್ಲಿ 1991ರಲ್ಲಿ 8 ದಲಿತರ ಕೊಲೆಯಾಯಿತು. ಅಲ್ಲಿಯ ಸಾಕ್ಷಿದಾರರು ಗಟ್ಟಿಯಾಗಿ ನಿಂತರು. 2007ರಲ್ಲಿ ವಿಶೇಷ ಕೋರ್ಟು 21 ಜನರಿಗೆ ಜೀವಾವಧಿ ವಿಧಿಸಿತು. 2014ರಲ್ಲಿ ಹೈಕೋರ್ಟು ಸಾಕ್ಷ್ಯವನ್ನು ನಂಬದೆ ಎಲ್ಲರನ್ನೂ ಬಿಟ್ಟಿತು. ಘಟನೆಗೂ ಕೆಳಗಿನ ತೀರ್ಪಿಗೂ ನಡುವೆ 16 ವರ್ಷ! ಇಷ್ಟು ಕಾಲದ ಮೇಲೆ ಯಾರ ನೆನಪು ಸವೆಯದು?

‘ಸುಳ್ಳು ಖಟ್ಲೆಗಳೂ ಇಲ್ಲವೇ?’ ಎಂದು ಕೆಲವರು ಕೇಳುತ್ತಾರೆ. ಇರಬಹುದು. ಮುಷ್ಕರದ ಕಾಲದಲ್ಲಿ ಸುಳ್ಳು ಸಾಕ್ಷಿಯ ಮೇಲೆ ಜೈಲು ಕಂಡ ಕಾರ್ಮಿಕರಿಗೆ ಇದನ್ನು ಬೇರೆ ಹೇಳಬೇಕಾಗಿಲ್ಲ. ಸಂಶಯದ ಲಾಭ ಆರೋಪಿಗೆ ಸಲ್ಲಲೇಬೇಕು; ಅದನ್ನು ಕಿತ್ತುಕೊಳ್ಳಿರೆಂದು ನಾವು ಕೇಳುತ್ತಿಲ್ಲ. ಆ ಸಂಶಯ ಸತ್ಯದಿಂದ ಹುಟ್ಟಿತೋ ಬೆದರಿಕೆಯಿಂದ ಹುಟ್ಟಿತೋ ಎಂಬುದನ್ನು ವಿಚಾರಿಸಿರಿ ಎಂಬುದಷ್ಟೇ ನಮ್ಮ ಮಾತು. ಕಾನೂನಿನಲ್ಲಿ ಇದಕ್ಕೆ ಎಡೆಯಿದೆ. ಪೂರ್ಣ ನಂಬಬಹುದಾದವನು, ನಂಬಲೇಬಾರದವನು, ನಡುವಿನವನು ಎಂದು ಸಾಕ್ಷಿದಾರರಲ್ಲಿ ಮೂರು ಬಗೆಯೆಂದು ಸುಪ್ರೀಂ ಕೋರ್ಟು 1957ರಲ್ಲಿಯೇ ಹೇಳಿತು. ಸಾಕ್ಷಿಗಳ ತಲೆ ಎಣಿಸಬೇಕಾಗಿಲ್ಲ. ತಿರುಗಿಬಿದ್ದವನ ಮಾತನ್ನೂ ಪೂರ್ತಿ ಅಳಿಸಿ ಹಾಕಬೇಕಾಗಿಲ್ಲ.

ಮದ್ದು ಇರುವುದು ಮೊದಲ ದಿನಗಳಲ್ಲಿ. ಹೇಳಿಕೆಯನ್ನು ಬೇಗ ಮ್ಯಾಜಿಸ್ಟ್ರೇಟರ ಮುಂದೆ ಬರೆಸಬೇಕು. 2016ರ ಜನವರಿಯಿಂದ ಜಾರಿಗೆ ಬಂದ ತಿದ್ದುಪಡಿ ಸಾಕ್ಷಿದಾರನಿಗೆ ರಕ್ಷಣೆ, ಪ್ರಯಾಣದ ಖರ್ಚು, ಬೇಕಾದರೆ ಬೇರೆಡೆ ವಸತಿ ಇವನ್ನೆಲ್ಲ ಹಕ್ಕೆಂದು ಒಪ್ಪಿದೆ. ಸಾಧ್ಯವಿದ್ದಷ್ಟು ಮಟ್ಟಿಗೆ ದೋಷಾರೋಪ ಪಟ್ಟಿ ಬಂದ ಎರಡು ತಿಂಗಳಲ್ಲಿ ವಿಚಾರಣೆ, ಮೂರು ತಿಂಗಳಲ್ಲಿ ಅಪೀಲು ಮುಗಿಯಬೇಕೆಂದಿದೆ. ಕೋರ್ಟಿಗಾಗಿ ಊರು ಬಿಟ್ಟ ದಿನಗಳಿಗೆ ಕೃಷಿ ಕೂಲಿಯ ಕನಿಷ್ಠ ದರಕ್ಕೆ ಕಡಿಮೆಯಾಗದ ಭತ್ಯೆ ಕೊಡಬೇಕೆಂದು 1995ರ ನಿಯಮಗಳಲ್ಲಿದೆ. ಕೇಳಿ ಪಡೆಯುವವರು ಬೇಕು.

ನಗರದಲ್ಲಿರುವ ನಮಗೆ ಇದರಲ್ಲೇನು ಕೆಲಸ? ಬಹಳವಿದೆ. ಊರಿನ ಸಾಹುಕಾರನ ಅಂಕೆಯಲ್ಲಿಲ್ಲದ ಅನ್ನವನ್ನು ಉಣ್ಣುವವರು ನಾವು. ಹಬ್ಬಕ್ಕೆ ಹೋದಾಗ ಕಣ್ಣಾರೆ ಕಂಡು, ಕಿವಿಯಾರೆ ಕೇಳಿ, ‘ನಮಗೇಕೆ ಉಸಾಬರಿ’ ಎಂದು ರಾತ್ರಿಯ ಗಾಡಿ ಹತ್ತಿ ಬರುವವರು ನಮ್ಮಲ್ಲಿ ಕಡಿಮೆಯಿಲ್ಲ. ಅಂಥವರು ಹೆಸರು ಬರೆಸಲಿ. ಸಮನ್ಸು ಬಂದ ಸದಸ್ಯನಿಗೆ ಮುಕಾದಮನಿಂದ ರಜೆ ಕೊಡಿಸುವುದು, ಗಾಡಿಯ ಖರ್ಚಿಗೆ ವರ್ಗಣಿ ಕೂಡಿಸುವುದು, ಕೋರ್ಟಿನ ಬಾಗಿಲವರೆಗೆ ಇಬ್ಬರು ಜೊತೆಗೆ ಹೋಗುವುದು, ಇವು ಸಂಘದ ಕೆಲಸಗಳೇ. ಒಬ್ಬಂಟಿಯ ನಾಲಿಗೆ ತೊದಲುತ್ತದೆ. ಬೆನ್ನ ಹಿಂದೆ ನಾಲ್ಕು ಜನ ನಿಂತಿದ್ದರೆ ಅದೇ ನಾಲಿಗೆ ಕಂಡದ್ದನ್ನು ಕಂಡಂತೆ ಹೇಳೀತು.